ಗೆರೆಯ ಹೊರಗೆ ನಿಂತವನು

ಮೈಸೂರಿನ ಕಡೆಯಿಂದ ಬರುವವರಿಗೆ ಆನೆಚೌಕೂರಿನ ಕಾಡು ಕಳೆದ ಮೇಲೆ ಎದುರಾಗುವ ಊರು ತಿತಿಮತಿ. ಬಸ್ಸು ಇಲ್ಲಿ ಸ್ವಲ್ಪ ಹೊತ್ತು ನಿಂತು ಗೋಣಿಕೊಪ್ಪಕ್ಕೆ ಹೊರಟುಹೋಗುತ್ತದೆ. ಪ್ರಯಾಣಿಕರು ಊರಿನ ಹೆಸರನ್ನು ಓದಿ ಮುಗಿಸುವಷ್ಟರಲ್ಲಿ ಊರೇ ಮುಗಿದಿರುತ್ತದೆ. ಒಂದು ಕಡೆ ಕಾಡು, ಇನ್ನೊಂದು ಕಡೆ ಕಾಫಿ, ನಡುವೆ ಗದ್ದೆ. ಇವುಗಳ ನಡುವೆ ಹೇಗೋ ಉಳಿದುಕೊಂಡ ಒಂದು ಬಯಲು. ಮಳೆಗಾಲ ಹಿಂದೆಗೆಯುತ್ತಲೇ ಸಂಜೆ ಹುಡುಗರು ಅಲ್ಲಿಗೆ ಹಾಕಿಯ ಕೋಲು ಹಿಡಿದು ಬರುತ್ತಾರೆ. ಕತ್ತಲಾದರೆ ಆನೆಗಳ ಭಯ. ಆದ್ದರಿಂದ ಆಟ ಯಾವಾಗ ಮುಗಿಯಬೇಕೆಂಬುದನ್ನು ನಮ್ಮಲ್ಲಿ ಅಂಪೈರನ ಸೀಟಿಗಿಂತ ಹೆಚ್ಚಾಗಿ ಕಾಡೇ ನಿರ್ಧರಿಸುತ್ತದೆ.

ಈ ಹುಡುಗರಿಗೆ ಆಟ ಕಲಿಸುವವರು ಸೈನ್ಯದಿಂದ ನಿವೃತ್ತರಾಗಿ ಬಂದ ಒಬ್ಬರು ಹಿರಿಯರು. ಊರಿನವರೆಲ್ಲ ಅವರನ್ನು ಸುಬೇದಾರರೆಂದೇ ಕರೆಯುತ್ತಾರೆ. ಒಂದು ಕಾಲದಲ್ಲಿ ತಮ್ಮ ಪಲ್ಟನ್ನಿನ ತಂಡದಲ್ಲಿ ರೈಟ್ ಔಟ್ ಆಗಿ ಆಡಿದವರು. ನಾನು ಮೇಷ್ಟ್ರಾಗಿದ್ದು ನಿವೃತ್ತನಾದವನು. ಕೆಲಸವಿಲ್ಲದ ಇಬ್ಬರು ಮುದುಕರು ಒಂದೇ ಗೆರೆಯ ಬದಿಯಲ್ಲಿ ನಿಲ್ಲುವುದರಲ್ಲಿ ಆಶ್ಚರ್ಯವೇನೂ ಇಲ್ಲ. ಆದರೆ ನಾವು ನಿಲ್ಲುವ ರೀತಿಯಲ್ಲಿ ವ್ಯತ್ಯಾಸವಿತ್ತು. ಅದು ಕಣ್ಣಿಗೆ ಬಿದ್ದ ದಿನದಿಂದ ಈ ಬರಹ ನನ್ನನ್ನು ಕಾಡುತ್ತಿದೆ.

ಆ ದಿನ ಬಲಗಡೆಯಲ್ಲಿ ಆಡುತ್ತಿದ್ದ ಹುಡುಗನೊಬ್ಬ ಸುಣ್ಣದ ಗೆರೆಯ ಗುಂಟ ಗಾಳಿಯಂತೆ ಓಡಿದ. ಇಬ್ಬರನ್ನು ದಾಟಿದ. ಮೂಲೆಯವರೆಗೆ ಹೋದ. ಗೋಲಿನ ಮುಂದೆ ಅವನ ಜೊತೆಗಾರ ಒಬ್ಬನೇ ನಿಂತಿದ್ದ. ಚೆಂಡನ್ನು ಒಳಕ್ಕೆ ತಳ್ಳಿದ್ದರೆ ಸಾಕು, ಗೋಲು. ಹುಡುಗ ಹಾಗೆ ಮಾಡಲಿಲ್ಲ. ತಾನೇ ಹೊಡೆಯಬೇಕೆಂದು ಹೊರಟ. ಅಷ್ಟು ಓರೆಯಿಂದ ಗೋಲು ಆಗುವುದೆಂತು? ಚೆಂಡು ಬೇಲಿಯ ಲಂಟಾನದೊಳಕ್ಕೆ ಹೋಗಿ ಬಿತ್ತು. ನಾನು "ಅಯ್ಯೋ, ಕೊಡೋ!" ಎಂದು ಕೂಗಿದ್ದೆ. ಸುಬೇದಾರರು ಕೂಗಲಿಲ್ಲ. ಅವರ ಎರಡು ಕೈಗಳೂ ಬೆನ್ನ ಹಿಂದೆ ಇದ್ದವು. ಎಡಗೈ ಬಲಗೈಯ ಮಣಿಕಟ್ಟನ್ನು ಬಿಗಿಯಾಗಿ ಹಿಡಿದುಕೊಂಡಿತ್ತು, ತಪ್ಪಿಸಿಕೊಳ್ಳಲು ನೋಡುತ್ತಿರುವ ಮಗುವನ್ನು ತಾಯಿ ಹಿಡಿದಂತೆ.

"ಒಂದು ಮಾತು ಕೂಗಿದ್ದರೆ ಆಗ್ತಿತ್ತಲ್ಲ ಸುಬೇದಾರರೇ?" ಎಂದೆ.

"ಕೂಗಿದ್ದರೆ ಕೊಡ್ತಿದ್ದ ಮೇಷ್ಟ್ರೇ. ನನ್ನ ಕಣ್ಣಿಂದ ನೋಡಿ ಕೊಡ್ತಿದ್ದ. ನಾಳೆ ಪೊನ್ನಂಪೇಟೆಯಲ್ಲಿ ಆಡೋವಾಗ ಅವನ ಹತ್ತಿರ ನನ್ನ ಕಣ್ಣು ಇರೋದಿಲ್ಲ."

ಇಷ್ಟು ಹೇಳಿ ಅವರು ಮತ್ತೆ ಬಯಲಿನ ಕಡೆ ತಿರುಗಿದರು. ಕೈಗಳು ಬೆನ್ನ ಹಿಂದೆಯೇ ಇದ್ದವು.

ಗೊತ್ತಿದ್ದವನು ಸುಮ್ಮನೆ ನಿಲ್ಲಬಹುದೆ? ತಪ್ಪು ಕಣ್ಣೆದುರಿಗೇ ನಡೆಯುತ್ತಿರುವಾಗ, ತಡೆಯುವ ಶಕ್ತಿ ನಾಲಗೆಯಲ್ಲಿ ಇರುವಾಗ, ತಡೆಯದಿರುವುದು ಧರ್ಮವೆ, ಅಧರ್ಮವೆ? ಆಟದ ಬಯಲಿನ ಮಾತೆಂದು ಓದುಗರು ಇದನ್ನು ತಳ್ಳಿಹಾಕಬಾರದು. ಮಕ್ಕಳಿರುವ ಪ್ರತಿಯೊಬ್ಬರ ಮನೆಯಲ್ಲಿಯೂ ಈ ಸುಣ್ಣದ ಗೆರೆ ಇದೆ. ನಾವು ಅದರ ಯಾವ ಕಡೆ ನಿಂತಿದ್ದೇವೆಂಬುದನ್ನು ನೋಡಿಕೊಳ್ಳುವುದು ಮಾತ್ರ ಅಪರೂಪ.

ಕೊಡಗಿನಲ್ಲಿ ಗೆರೆಯ ಹೊರಗೆ ನಿಂತು ಆಟ ಹೇಳಿಕೊಡುವವರಿಗೆ ಬರಗಾಲವಿಲ್ಲ. 1997ರಲ್ಲಿ ಪಾಂಡಂಡ ಕುಟ್ಟಪ್ಪನವರು ಕರಡ ಗ್ರಾಮದಲ್ಲಿ ಕೊಡವ ಕುಟುಂಬಗಳ ನಡುವಣ ಹಾಕಿ ಪಂದ್ಯಾವಳಿಯನ್ನು ಆರಂಭಿಸಿದಾಗ 60 ಕುಟುಂಬಗಳು ಆಡಿದವು. 2024ರಲ್ಲಿ ನಾಪೋಕ್ಲುವಿನಲ್ಲಿ 360. ಅಜ್ಜ, ಮೊಮ್ಮಗ, ಸೊಸೆ ಒಂದೇ ತಂಡದಲ್ಲಿ ಆಡುವುದುಂಟು. ಉಳಿದ ನೆಂಟರಿಷ್ಟರೆಲ್ಲ ಗೆರೆಯ ಬದಿಯಲ್ಲಿ ನಿಂತು ಏಕಕಾಲಕ್ಕೆ ಉಪದೇಶ ಮಾಡುತ್ತಾರೆ. ಅದು ಹಬ್ಬ, ಹಬ್ಬದಲ್ಲಿ ಅದು ಶೋಭಿಸುತ್ತದೆ. ಆದರೆ ಆಟವನ್ನೇ ಬದುಕಾಗಿ ಮಾಡಿಕೊಂಡು, ಕಾಲಿನ ಶಕ್ತಿ ಇಳಿದ ಮೇಲೆ ಗೆರೆಯಿಂದ ಆಚೆಗೆ ಬಂದು ಕೋಚ್ ಎನ್ನಿಸಿಕೊಂಡವನ ಸ್ಥಿತಿ ಬೇರೆ.

ಇದೇ ಜಿಲ್ಲೆಯ ಎಂ. ಪಿ. ಗಣೇಶ್ ಅವರನ್ನು ನೋಡೋಣ. 1946ರಲ್ಲಿ ಹುಟ್ಟಿದವರು. ಮೊದಲು ಅವರದು ಕಾಲ್ಚೆಂಡಿನ ಆಟ. ಅರುವತ್ತರ ದಶಕದ ಆರಂಭದಲ್ಲಿ ಕೊಡಗು ಜಿಲ್ಲೆಯ ಪರವಾಗಿ ಫುಟ್‌ಬಾಲ್ ಆಡಿದರು. ಆಮೇಲೆ ಹಾಕಿಯ ಕೋಲು ಕೈಗೆ ಬಂತು. ಸೈನ್ಯದ ತಂಡಗಳಲ್ಲಿ ಆಡಿ, ಭಾರತ ತಂಡವನ್ನು ಸೇರಿ, 1972ರ ಮ್ಯೂನಿಕ್ ಒಲಿಂಪಿಕ್ಸ್‌ನಲ್ಲಿ ಕಂಚು ಪಡೆದ ತಂಡದಲ್ಲಿದ್ದರು. ಮರುವರ್ಷ ಹಾಲೆಂಡಿನ ಆಮ್‌ಸ್ಟೆಲ್‌ವೀನ್‌ನಲ್ಲಿ ನಡೆದ ವಿಶ್ವಕಪ್‌ನಲ್ಲಿ ಅವರೇ ನಾಯಕರು. ಫೈನಲ್‌ನಲ್ಲಿ ಆತಿಥೇಯರ ಮೇಲೆ ಭಾರತಕ್ಕೆ ಮೊದಮೊದಲಲ್ಲೇ ಎರಡು ಗೋಲುಗಳ ಮುನ್ನಡೆ. ಎರಡನ್ನೂ ಹೊಡೆದವರು ಸುರ್ಜಿತ್ ಸಿಂಗ್. ಹಾಲೆಂಡ್ ಎರಡನ್ನೂ ತೀರಿಸಿತು. ಹೆಚ್ಚುವರಿ ಸಮಯದಲ್ಲಿ ಭಾರತಕ್ಕೆ ಪೆನಾಲ್ಟಿ ಸ್ಟ್ರೋಕ್ ಸಿಕ್ಕಿತು. ಹೊಡೆಯಲು ಹೋದವರು ಸೋಮವಾರಪೇಟೆಯ ಬಿ. ಪಿ. ಗೋವಿಂದ. ಅದು ಗೋಲಾಗಿದ್ದರೆ ವಿಶ್ವಕಪ್ ನಮ್ಮದು. ಆಗಲಿಲ್ಲ. ಕೊನೆಗೆ ಸ್ಟ್ರೋಕುಗಳ ಲೆಕ್ಕದಲ್ಲಿ 4–2ರಿಂದ ಭಾರತ ಸೋತಿತು.

ಒಂದೇ ಪುಟ್ಟ ಜಿಲ್ಲೆಯ ಇಬ್ಬರು ಅಷ್ಟು ದೂರದ ದೇಶದ ಹುಲ್ಲಿನ ಮೇಲೆ: ಒಬ್ಬರು ಹೊಡೆದು ತಪ್ಪಿದವರು, ಇನ್ನೊಬ್ಬರು ನಾಯಕರಾಗಿ ಅದನ್ನು ಕಂಡವರು. ಗೋವಿಂದರಿಗೆ 1975ರಲ್ಲಿ ಕ್ವಾಲಾಲಂಪುರದಲ್ಲಿ ಸಮಾಧಾನ ಸಿಕ್ಕಿತು. ಅಲ್ಲಿ ಭಾರತ ವಿಶ್ವಕಪ್ ಗೆದ್ದಾಗ ಅವರು ತಂಡದಲ್ಲಿದ್ದರು. ಗಣೇಶ್ ಇರಲಿಲ್ಲ. ಆಟಗಾರರಾಗಿ ಅವರ ಪಾಲಿಗೆ ಉಳಿದದ್ದು ಆ ಬೆಳ್ಳಿ. ನಂತರ ಅವರು ಕೋಚ್ ಆದರು. 1988ರಲ್ಲಿ ಸೋಲ್ ಒಲಿಂಪಿಕ್ಸ್‌ಗೆ ಹೋದ ಭಾರತ ತಂಡದ ಶಿಕ್ಷಕರು ಅವರು. ನಾಯಕರು ಕೊಡಗಿನವರೇ ಆದ ಎಂ. ಎಂ. ಸೋಮಯ್ಯ. ತಂಡಕ್ಕೆ ಆರನೆಯ ಸ್ಥಾನ ಸಿಕ್ಕಿತು. 1973ರಲ್ಲಿ ಅವರಿಗೆ ಅರ್ಜುನ ಪ್ರಶಸ್ತಿ ಬಂದಿತ್ತು, 2020ರಲ್ಲಿ ಪದ್ಮಶ್ರೀ ಬಂತು. ಇವೆಲ್ಲ ದಾಖಲೆಗೆ ಸೇರಿದ ಮಾತು. ನನ್ನ ಯೋಚನೆ ಇರುವುದು ದಾಖಲೆಯಾಗದ ಒಂದು ಸಂಗತಿಯ ಬಗ್ಗೆ. 1973ರಲ್ಲಿ ನಾಯಕನ ಕೈಯಲ್ಲಿ ಕೋಲು ಇತ್ತು. ಸೋಲು ಬಂದರೂ ತಾನು ಓಡಿದ್ದೆ, ಬೆವರಿದ್ದೆ, ಚೆಂಡನ್ನು ಮುಟ್ಟಿದ್ದೆ ಎಂದು ಹೇಳಿಕೊಳ್ಳಬಹುದಿತ್ತು. 1988ರಲ್ಲಿ ಕೋಚಿನ ಕೈಯಲ್ಲಿ ಏನಿತ್ತು?

ಗೀತೆಯ ಮಾತು ನಮಗೆಲ್ಲ ಬಾಯಿಪಾಠ: ಮನುಷ್ಯನಿಗೆ ಅಧಿಕಾರವಿರುವುದು ಕರ್ಮದಲ್ಲಿ, ಫಲದಲ್ಲಲ್ಲ. ಕೋಚಿನ ಪಾಡು ಇದಕ್ಕೆ ತಿರುಗುಮುರುಗು. ಅವನಿಗೆ ಕರ್ಮದಲ್ಲಿಯೇ ಅಧಿಕಾರವಿಲ್ಲ. ಸೀಟಿ ಊದಿದೊಡನೆ ಕರ್ಮವೆಲ್ಲ ಹನ್ನೊಂದು ಜನ ಬೇರೆಯವರದು. ಫಲವೊಂದು ಮಾತ್ರ ಅವನನ್ನು ತಪ್ಪದೆ ಹುಡುಕಿಕೊಂಡು ಬರುತ್ತದೆ. ಅದೂ ಎಂಥ ಫಲ! ಗೆದ್ದರೆ ಗೋಲು ಹೊಡೆದವನ ಚಿತ್ರ ಪತ್ರಿಕೆಯಲ್ಲಿ ಬರುತ್ತದೆ. ಸೋತರೆ ಕೋಚನ್ನು ಬದಲಾಯಿಸಬೇಕೆಂಬ ಸಂಪಾದಕೀಯ ಬರುತ್ತದೆ. ಇದು ಅನ್ಯಾಯವೆಂದು ತೋರುವುದು ಸಹಜ. ನನಗೂ ಹಾಗೆಯೇ ತೋರಿತ್ತು. ಈಗ ಹಾಗೆ ತೋರುವುದಿಲ್ಲ. ಏಕೆಂಬುದನ್ನು ಮುಂದೆ ಹೇಳುತ್ತೇನೆ.

ನಮ್ಮೂರಿನ ಹತ್ತಿರವೇ ಮತ್ತಿಗೋಡಿನ ಆನೆಶಿಬಿರವಿದೆ. 2020ರಿಂದ ಕೆಲವು ವರ್ಷ ಮೈಸೂರು ದಸರೆಯಲ್ಲಿ ಚಿನ್ನದ ಅಂಬಾರಿಯನ್ನು ಹೊತ್ತ ಅಭಿಮನ್ಯು ಈ ಶಿಬಿರದ ಆನೆ. ಲಕ್ಷಾಂತರ ಜನ ಆನೆಯನ್ನು ನೋಡಿದರು, ಅಂಬಾರಿಯನ್ನು ನೋಡಿದರು. ಕುತ್ತಿಗೆಯ ಮೇಲೆ ಕುಳಿತ ಮಾವುತನನ್ನು ನೋಡಿದವರು ಎಷ್ಟು ಜನ? ಆದರೂ ಮಾವುತನಿಗೆ ಒಂದು ಸೌಭಾಗ್ಯವಿದೆ: ಅವನ ಕಾಲಬೆರಳು ಆನೆಯ ಕಿವಿಯ ಹಿಂದೆ ಇರುತ್ತದೆ. ತಿರುಗು ಎಂದರೆ ತಿರುಗುತ್ತದೆ, ನಿಲ್ಲು ಎಂದರೆ ನಿಲ್ಲುತ್ತದೆ. ಕೋಚಿಗೆ ಆ ಕಾಲಬೆರಳೂ ಇಲ್ಲ. ಮನುಷ್ಯನನ್ನು ಪಳಗಿಸುವುದಕ್ಕೂ ಆನೆಯನ್ನು ಪಳಗಿಸುವುದಕ್ಕೂ ಇರುವ ವ್ಯತ್ಯಾಸ ಬಹುಶಃ ಇಷ್ಟೆ. ಕಲಿಸಿದ ಮೇಲೆ ಕೆಳಗಿಳಿಯಬೇಕು.

ಇಳಿಯುವುದು ಎಷ್ಟು ಕಷ್ಟವೆಂಬುದನ್ನು ಪೋರ್ಚುಗಲ್ಲಿನ ಸೆರ್ಜಿಯೊ ಕೊನ್ಸೆಸಾಂವ್ ಎಂಬಾತನಲ್ಲಿ ಕಾಣಬಹುದು. ನಮ್ಮ ಹುಡುಗರು ದೂರದರ್ಶನದಲ್ಲಿ ಕಾಲ್ಚೆಂಡು ನೋಡುವವರಾದ್ದರಿಂದ ಅವನ ಹೆಸರು ನನಗೂ ಬಂತು. ಆತ ಬಲಬದಿಯ ಆಟಗಾರ, ಸುಬೇದಾರರಂತೆ. 2000ದ ಯುರೋಪಿನ ಪಂದ್ಯಾವಳಿಯಲ್ಲಿ ಜರ್ಮನಿಯಂಥ ಜರ್ಮನಿಯ ಮೇಲೆ ಒಬ್ಬನೇ ಮೂರು ಗೋಲು ಹೊಡೆದ. ಆಮೇಲೆ ಕೋಚಾಗಿ 2017ರಿಂದ 2024ರವರೆಗೆ ಪೋರ್ಟೊ ತಂಡವನ್ನು ನಡೆಸಿ ಮೂರು ಸಲ ದೇಶದ ಲೀಗ್ ಗೆದ್ದುಕೊಟ್ಟ. ಸಮರ್ಥನೆಂಬುದರಲ್ಲಿ ಸಂದೇಹವಿಲ್ಲ. ಆದರೆ ಗೆರೆಯ ಬದಿಯಲ್ಲಿ ನಿಲ್ಲುವುದು ಅವನಿಗೆ ಬೆಂಕಿಯ ಮೇಲೆ ನಿಂತಂತೆ. ಕಾಲ್ಚೆಂಡಿನ ಬಯಲಿನಲ್ಲಿ ಕೋಚಿಗೆಂದೇ ಚುಕ್ಕೆಗೆರೆಯ ಒಂದು ಅಂಕಣವನ್ನು ಎಳೆದಿರುತ್ತಾರೆ. ಆ ಅಂಕಣದಲ್ಲಿ ತಾಳ್ಮೆಗೆಟ್ಟು ರೆಫರಿಯಿಂದ ಹೊರಕ್ಕೆ ಕಳುಹಿಸಿಕೊಂಡ ಸಂದರ್ಭಗಳು ಅವನ ವೃತ್ತಿಯಲ್ಲಿ ಹಲವು. ಓಡುವುದಕ್ಕೆಂದೇ ಹುಟ್ಟಿದ ಕಾಲುಗಳನ್ನು ನಾಲ್ಕು ಗಜದ ಅಂಕಣದಲ್ಲಿ ಕಟ್ಟಿದರೆ ಅವು ಮತ್ತೇನು ಮಾಡಿಯಾವು? ಅವನನ್ನು ಹಳಿಯಲು ನನಗೆ ಮನಸ್ಸಿಲ್ಲ. ಸ್ವತಃ ಶ್ರೀಕೃಷ್ಣನೇ ಆ ಗೆರೆಯನ್ನು ದಾಟಿದವನು.

ಆಯುಧ ಹಿಡಿಯುವುದಿಲ್ಲವೆಂದು ಮಾತುಕೊಟ್ಟು ಸಾರಥಿಯಾಗಿ ಬಂದವನು ಕೃಷ್ಣ. ಭೀಷ್ಮನ ಬಾಣಗಳಿಗೆ ಪಾಂಡವರ ಸೇನೆ ತತ್ತರಿಸುತ್ತಿದ್ದಾಗ, ಅಜ್ಜನೆಂಬ ಮಮತೆಯಿಂದ ಅರ್ಜುನ ಕೈ ಸಡಿಲ ಬಿಟ್ಟು ಹೋರಾಡುತ್ತಿದ್ದಾಗ, ಅವನಿಗೆ ತಡೆಯಲಾಗಲಿಲ್ಲ. ರಥದಿಂದ ಧುಮುಕಿ, ಚಕ್ರ ಹಿಡಿದು, ತಾನೇ ಭೀಷ್ಮನ ಮೇಲೆ ನಡೆದ. ಭೀಷ್ಮನಿಗೆ ಅದು ಭಾಗ್ಯವಾಗಿ ಕಂಡಿತು. ಅರ್ಜುನನಿಗೆ ಮಾತ್ರ ನಾಚಿಕೆಯಾಯಿತು. ಹಿಂದಿನಿಂದ ಓಡಿಬಂದು ಕಾಲು ಹಿಡಿದ. ಕೃಷ್ಣ ಅವನನ್ನು ಎಳೆದುಕೊಂಡೇ ಹತ್ತು ಹೆಜ್ಜೆ ಹೋದನಂತೆ. ಈ ಹೊರೆ ನನ್ನದು, ಇದನ್ನು ನನಗೇ ಬಿಡು, ಎಂಬುದು ಅರ್ಜುನನ ಬೇಡಿಕೆ. ಈ ಕಥೆಯನ್ನು ಕೇಳುವಾಗ ನಾವೆಲ್ಲ ಕೃಷ್ಣನ ಭಕ್ತವಾತ್ಸಲ್ಯವನ್ನು ಕೊಂಡಾಡುತ್ತೇವೆ. ಆದರೆ ಆ ಹತ್ತು ಹೆಜ್ಜೆಗಳಲ್ಲಿ ಅರ್ಜುನನಿಗೆ ಏನಾಗಿರಬಹುದೆಂದು ಯಾರು ಕೇಳಿದ್ದಾರೆ? ಆ ಚಕ್ರ ಭೀಷ್ಮನನ್ನು ಕೆಡವಿದ್ದರೆ ಯುದ್ಧ ಗೆದ್ದಂತಾಗುತ್ತಿತ್ತು, ಗೆದ್ದವನು ಅರ್ಜುನನಾಗುತ್ತಿರಲಿಲ್ಲ. ಗೆಲುವು ಶಿಷ್ಯನನ್ನೇ ಇಲ್ಲವೆನಿಸಿಬಿಡುವುದೂ ಉಂಟು.

ಇನ್ನೂ ಒಂದು ಸಂಗತಿಯಿದೆ. ಗೆರೆಯ ಹೊರಗೆ ನಿಂತವನಿಗೆ ಗೊತ್ತು ಎನ್ನುತ್ತೇವಲ್ಲ, ಅವನಿಗೆ ಗೊತ್ತಿರುವುದು ಏನು? ಸುಬೇದಾರರು ಕಲಿತದ್ದು ಹುಲ್ಲಿನ ಮೇಲಿನ ಹಾಕಿ. ಆಗ ಐವರು ಮುಂದೆ, ರೈಟ್ ಔಟ್ ಗೆರೆಯನ್ನೇ ಅಪ್ಪಿಕೊಂಡು ಓಡುವವನು, ತಲೆಯ ಮೇಲೆ ಆಫ್‌ಸೈಡಿನ ಕತ್ತಿ. 1976ರಲ್ಲಿ ಮಾಂಟ್ರಿಯಲ್ ಒಲಿಂಪಿಕ್ಸ್‌ನಲ್ಲಿ ಕೃತಕ ಹಾಸು ಬಂತು. ಎಂಟು ಸಲ ಚಿನ್ನ ಗೆಲ್ಲಲಿದ್ದ ದೇಶ ಅಲ್ಲಿ ಏಳನೆಯದಾಯಿತು. ತೊಂಬತ್ತರ ದಶಕದಲ್ಲಿ ಆಟ ನಡೆಯುತ್ತಿರುವಾಗಲೇ ಎಷ್ಟು ಸಲ ಬೇಕಾದರೂ ಆಟಗಾರರನ್ನು ಬದಲಾಯಿಸುವ ಪದ್ಧತಿ ಬಂತು. ಆಫ್‌ಸೈಡ್ ನಿಯಮವೇ ಹೋಯಿತು. ಸೋಮವಾರಪೇಟೆಯ ಎಸ್. ವಿ. ಸುನಿಲ್ 2012 ಮತ್ತು 2016ರ ಒಲಿಂಪಿಕ್ಸ್‌ಗಳಲ್ಲಿ ಬದಿಯಿಂದ ಓಡಿದ ಓಟ ಹಳೆಯ ರೈಟ್ ಔಟ್‌ಗಳ ಓಟದಂತೆಯೇ ಕಂಡರೂ, ಅವರ ಮುಂದೆ ಇದ್ದ ಬಯಲು ಬೇರೆ, ನಿಯಮ ಬೇರೆ, ವೇಗ ಬೇರೆ. ಹಿರಿಯನ ಕಣ್ಣು ತಾನು ಆಡಿದ ಆಟವನ್ನೇ ಹುಡುಗನ ಆಟದಲ್ಲಿ ಕಾಣುತ್ತದೆ. ಅವನು ಕೂಗುವ ಬುದ್ಧಿವಾದ ಸರಿಯಾಗಿಯೇ ಇರಬಹುದು. ಆದರೆ ಅದು ನಿನ್ನೆಯ ಪಂದ್ಯಕ್ಕೆ ಸರಿ.

ಇಷ್ಟು ತಿಳಿದವನಂತೆ ಬರೆಯುತ್ತಿರುವ ನಾನು ಏನು ಮಾಡಿದೆನೆಂಬುದನ್ನು ಹೇಳದೆ ಮುಂದೆ ಹೋಗುವುದು ಸರಿಯಲ್ಲ.

ನನ್ನ ಮಗ ಬೆಂಗಳೂರಿನಲ್ಲಿ ಒಂದು ಕಚೇರಿಯಲ್ಲಿ ಕೆಲಸದಲ್ಲಿದ್ದಾನೆ. ಕೆಲವು ವರ್ಷಗಳ ಹಿಂದೆ ಆ ಕೆಲಸವನ್ನು ಬಿಟ್ಟು ಊರಿಗೆ ಬಂದು ನಮ್ಮ ಎರಡು ಎಕರೆ ಕಾಫಿ ತೋಟವನ್ನು ನೋಡಿಕೊಳ್ಳುವೆನೆಂದ. ನಾನು ತೋಟದ ಸುಖದುಃಖ ಕಂಡವನು. ಬೆಲೆ ಬಿದ್ದ ವರ್ಷಗಳು ಗೊತ್ತು. ಹೂಮಳೆ ತಪ್ಪಿದ ವರ್ಷಗಳು ಗೊತ್ತು. ಒಂದೇ ರಾತ್ರಿಯಲ್ಲಿ ಆನೆ ಬಾಳೆಯನ್ನೂ ಬೇಲಿಯನ್ನೂ ಮುಗಿಸಿಹೋದ ಬೆಳಗುಗಳು ಗೊತ್ತು. ತಿಂಗಳ ಸಂಬಳವೊಂದೇ ಮನುಷ್ಯನನ್ನು ನಿದ್ದೆ ಮಾಡಿಸುವ ವಸ್ತುವೆಂದು ನಂಬಿದ ತಲೆಮಾರು ನಮ್ಮದು. ಅವನೊಡನೆ ವಾದಿಸಿದೆ. ವಾದ ಮಾಡಬಹುದು, ಅದು ನನ್ನ ಹಕ್ಕು. ಆದರೆ ಅಷ್ಟಕ್ಕೇ ನಿಲ್ಲಲಿಲ್ಲ. ಅವನಿಗೆ ತಿಳಿಯದಂತೆ ಅವನ ಮೇಲಧಿಕಾರಿಯೊಬ್ಬರಿಗೆ ಫೋನು ಮಾಡಿ, ಹುಡುಗ ದುಡುಕುತ್ತಿದ್ದಾನೆ, ರಾಜೀನಾಮೆ ಕೊಟ್ಟರೆ ತೆಗೆದುಕೊಳ್ಳಬೇಡಿ ಎಂದು ಬೇಡಿಕೊಂಡೆ. ಅವರು ಒಳ್ಳೆಯವರು. ಅವನನ್ನು ಕರೆದು ಮಾತನಾಡಿದರು, ಸಂಬಳವನ್ನೂ ಹೆಚ್ಚಿಸಿದರು. ಮಗ ಉಳಿದುಕೊಂಡ. ಆ ವರ್ಷ ಕಾಫಿಯ ಬೆಲೆಯೂ ಇಳಿಯಿತು. ನಾನು ಗೆದ್ದೆ.

ಫೋನಿನ ಸಂಗತಿ ಅವನಿಗೆ ಆರು ತಿಂಗಳಾದ ಮೇಲೆ ತಿಳಿಯಿತು. ಜಗಳವಾಡಲಿಲ್ಲ. ಈಗಲೂ ಪ್ರತಿ ಭಾನುವಾರ ಫೋನು ಮಾಡುತ್ತಾನೆ, ಔಷಧ ತೆಗೆದುಕೊಂಡಿರಾ ಅಪ್ಪ ಎಂದು ಕೇಳುತ್ತಾನೆ, ಹಬ್ಬಕ್ಕೆ ಬರುತ್ತಾನೆ. ಆದರೆ ಅಂದಿನಿಂದ ಅವನು ಯಾವ ವಿಷಯದಲ್ಲಿಯೂ ನನ್ನ ಅಭಿಪ್ರಾಯವನ್ನು ಕೇಳಿಲ್ಲ. ಮನೆ ಕೊಂಡದ್ದನ್ನು ಕೊಂಡ ಮೇಲೆ ತಿಳಿಸಿದ. ಮಗಳನ್ನು ಯಾವ ಶಾಲೆಗೆ ಸೇರಿಸಿದನೆಂಬುದು ಮೊಮ್ಮಗಳ ಸಮವಸ್ತ್ರವನ್ನು ಚಿತ್ರದಲ್ಲಿ ನೋಡಿದಾಗ ಗೊತ್ತಾಯಿತು. ಚೆಂಡನ್ನು ಸರಿಯಾದ ಜಾಗಕ್ಕೇ ಹೊಡೆದೆ. ಆದರೆ ಅದು ನಾನು ಹೊಡೆಯಬೇಕಾದ ಚೆಂಡಾಗಿರಲಿಲ್ಲ.

ಹಾಗಾದರೆ ಹಿರಿಯರು ಬಾಯಿ ಮುಚ್ಚಿಕೊಂಡಿರಬೇಕೆ ಎಂದು ಯಾರಾದರೂ ಕೇಳಬಹುದು. ಮಗು ಬಾವಿಯ ಕಡೆ ಹೋಗುತ್ತಿದ್ದರೆ ಕೈಕಟ್ಟಿ ನಿಲ್ಲುವವನು ಗುರುವಲ್ಲ, ಕಟುಕ. ಪ್ರಾಣಕ್ಕೂ ಮಾನಕ್ಕೂ ಬಂದಾಗ ಗೆರೆ ಇರುವುದಿಲ್ಲ. ಒಮ್ಮೆ ಒಬ್ಬ ಹುಡುಗ ಸಿಟ್ಟಿನಲ್ಲಿ ಇನ್ನೊಬ್ಬನ ಮೇಲೆ ಕೋಲೆತ್ತಿದಾಗ ಸುಬೇದಾರರು ಅರ್ಧ ಬಯಲನ್ನು ಯಾವ ವೇಗದಲ್ಲಿ ದಾಟಿದರೆಂಬುದನ್ನು ನಾನೇ ಕಂಡಿದ್ದೇನೆ. ಅವರ ಹಳೆಯ ರೈಟ್ ಔಟ್ ಆಟ ಆ ದಿನ ನೋಡಲು ಸಿಕ್ಕಿತು. ಅಲ್ಲದೆ ಅವರು ಮೌನಿಯೂ ಅಲ್ಲ. ಆಟಕ್ಕೆ ಮುಂಚೆ ಒಂದು ಗಂಟೆ ಕಲಿಸುತ್ತಾರೆ, ಗದರುತ್ತಾರೆ, ಒಂದೇ ಹೊಡೆತವನ್ನು ಐವತ್ತು ಸಲ ಮಾಡಿಸುತ್ತಾರೆ. ಆಟ ಮುಗಿದ ಮೇಲೆ ಹುಡುಗನನ್ನು ಕೂರಿಸಿಕೊಂಡು ಮಣ್ಣಿನ ಮೇಲೆ ಕಡ್ಡಿಯಿಂದ ಗೆರೆ ಎಳೆದು ತೋರಿಸುತ್ತಾರೆ. ಮಾತಿಗೆ ಮುಂಚೆಯೂ ಹೊತ್ತಿದೆ, ಆಮೇಲೂ ಹೊತ್ತಿದೆ. ನಡುವಿನ ಹೊತ್ತು ಮಾತ್ರ ಹುಡುಗನದು. ತಪ್ಪುವ ಹಕ್ಕನ್ನು ಕೊಡದೆ ಆಡುವ ಹಕ್ಕನ್ನು ಕೊಟ್ಟೆನೆನ್ನುವುದು ಮೋಸ.

ಕೋಚಿಗೆ ಸೋಲಿನ ಫಲ ಬರುವುದು ಅನ್ಯಾಯವಲ್ಲವೆಂದು ನಾನು ಮೇಲೆ ಹೇಳಿದ್ದಕ್ಕೆ ಕಾರಣ ಇಲ್ಲಿದೆ. ಶಿಷ್ಯನಿಗೆ ತಪ್ಪಲು ಸ್ವಾತಂತ್ರ್ಯ ಕೊಟ್ಟವನು ಆ ತಪ್ಪಿನಲ್ಲಿ ಪಾಲು ಬೇಡವೆನ್ನುವಂತಿಲ್ಲ. ಕೈಕಟ್ಟಿ ನಿಂತು, ಸೋತ ಮೇಲೆ ನಾನು ಮೊದಲೇ ಹೇಳಿದ್ದೆ ಎಂದವನು ಸುಮ್ಮನಿದ್ದದ್ದು ಸಂಯಮದಿಂದಲ್ಲ, ಲೆಕ್ಕಾಚಾರದಿಂದ. ನಿಜವಾಗಿ ಬಿಟ್ಟುಕೊಟ್ಟವನು ಸೋಲನ್ನು ತನ್ನ ಹೆಸರಿಗೆ ಬರೆಸಿಕೊಳ್ಳುತ್ತಾನೆ. ಗೆಲುವನ್ನು ಮಾತ್ರ ಆಡಿದವರಿಗೇ ಬಿಡುತ್ತಾನೆ. ಕೋಚ್ ಎಂಬುವನು ಸಂಬಳಕ್ಕಾಗಿ ಇದನ್ನು ಮಾಡುತ್ತಿರಬಹುದು. ತಂದೆತಾಯಂದಿರಿಗೆ ಸಂಬಳವೂ ಇಲ್ಲ. ಹಾಗಿದ್ದೂ ಈ ಕೆಲಸ ಅವರದೇ.

ಮೊನ್ನೆ ಪೊನ್ನಂಪೇಟೆಯಲ್ಲಿ ನಮ್ಮ ಹುಡುಗರು ಆಡಿ ಬಂದರು. ಸೋತಿದ್ದರು. ಬಲಗಡೆಯ ಹುಡುಗ ಮತ್ತೆ ಅದೇ ತಪ್ಪು ಮಾಡಿದನೇ ಎಂದು ಕೇಳಿದೆ. "ಒಂದು ಸಲ ಮಾಡಿದ," ಎಂದರು ಸುಬೇದಾರರು. "ಎರಡನೇ ಸಲ ತಲೆ ಎತ್ತಿ ನೋಡಿದ. ಕೊಡೋಷ್ಟರಲ್ಲಿ ತಡವಾಯಿತು." ಅವರ ಮುಖದಲ್ಲಿ ಸೋಲಿನ ಕಳೆಯಿರಲಿಲ್ಲ. ಇಬ್ಬನಿಗೆ ಅಳಿಸಿಹೋಗಿದ್ದ ಗೆರೆಯ ಮೇಲೆ ಹೊಸ ಸುಣ್ಣ ಹಾಕುವುದರಲ್ಲಿ ತೊಡಗಿದ್ದರು.

ಭಾನುವಾರ ಮಗ ಫೋನು ಮಾಡಿದಾಗ, ಅವನು ಔಷಧದ ವಿಷಯ ಎತ್ತುವ ಮುಂಚೆ ನಾನೇ ಕೇಳಿದೆ: "ತೋಟದ ಕೆಳಗಿನ ಅರ್ಧ ಎಕರೆ ಹಾಳುಬಿದ್ದಿದೆಯಪ್ಪ. ಏನು ಮಾಡಬೇಕು ಅಂತ ನೀನು ಯೋಚನೆ ಮಾಡಿ ಹೇಳು. ನೀನು ಹೇಳಿದ ಹಾಗೇ ಮಾಡಿಸ್ತೇನೆ." ಆ ಕಡೆಯಿಂದ ಬಹಳ ಹೊತ್ತು ಮಾತು ಬರಲಿಲ್ಲ. ಅಲ್ಲಿ ಕರಿಮೆಣಸು ಹಾಕಿದರೆ ಒಳ್ಳೆಯದೆಂಬ ಮಾತು ನನ್ನ ನಾಲಗೆಯ ತುದಿಗೇ ಬಂದಿತ್ತು. ಎಡಗೈಯಿಂದ ಫೋನು ಹಿಡಿದಿದ್ದೆ. ಬಲಗೈಯನ್ನು ಬೆನ್ನ ಹಿಂದಕ್ಕೆ ಒಯ್ದೆ.

"ನೋಡಿ ಹೇಳ್ತೇನೆ ಅಪ್ಪ," ಎಂದ. ಇನ್ನೂ ಹೇಳಿಲ್ಲ. ಕಾಯುತ್ತಿದ್ದೇನೆ.